ಬೇರೆ ಸೀಮೆಯ ಎತ್ತುಗಳು: ಹಳೆಯ ಫುಟೇಜ್ ನಂಬಿ ಬದುಕುವ ಸಾಕ್ಷ್ಯಚಿತ್ರ ನಿರ್ದೇಶಕಿಯೊಬ್ಬರ ಪ್ರಕರಣ

ಶರಾವತಿ ಮುಳುಗಡೆಯನ್ನು ಕುರಿತ 52 ನಿಮಿಷಗಳ ಸಾಕ್ಷ್ಯಚಿತ್ರವೊಂದು ಬಹುತೇಕ ಮುಗಿದು, ಕೊನೆಯ ಕಂತಿನ ಹಣ ಬರುವುದಷ್ಟೇ ಬಾಕಿ ಇದ್ದಾಗ, ಆ ಚಿತ್ರದ ಆರಂಭದ ದೃಶ್ಯ ಶರಾವತಿ ಕಣಿವೆಯದ್ದೇ ಅಲ್ಲವೆಂದು ಗೊತ್ತಾಯಿತು. ಆ ದೃಶ್ಯ ಎಲ್ಲಿಂದ ಬಂತು, ತಪ್ಪನ್ನು ಯಾರು ಹಿಡಿದರು, ಆಮೇಲೆ ನಿರ್ದೇಶಕಿ ಏನು ಮಾಡಿದರು, ಅದರಿಂದ ಅವರ ವೃತ್ತಿಗೆ ಆದ ಲಾಭನಷ್ಟಗಳೇನು ಎಂಬುದನ್ನು ಇಲ್ಲಿ ವಿವರವಾಗಿ ದಾಖಲಿಸಲಾಗಿದೆ. ನಿರ್ದೇಶಕಿಯ ಹೆಸರನ್ನೂ ಹಣ ಹಾಕಿದ ಸಂಸ್ಥೆಯ ಹೆಸರನ್ನೂ ಉದ್ದೇಶಪೂರ್ವಕವಾಗಿ ಬಿಟ್ಟಿದ್ದೇನೆ. ಇಂಥ ಇಕ್ಕಟ್ಟು ಈ ಕಸುಬಿನಲ್ಲಿ ಯಾರಿಗೂ ಬರಬಹುದಾದ್ದರಿಂದ ಹೆಸರುಗಳ ಅಗತ್ಯವೂ ಇಲ್ಲ.

ನಿರ್ದೇಶಕಿ ಸಾಗರ ತಾಲ್ಲೂಕಿನವರು. ಹೆಗ್ಗೋಡಿನ ನೀನಾಸಂ 1973ರಲ್ಲಿ ಚಿತ್ರಸಮಾಜವನ್ನು ಆರಂಭಿಸಿದ್ದರಿಂದ ಆ ಭಾಗದ ಹಳ್ಳಿಗಳಲ್ಲಿ ಅಡಿಕೆ ಸುಲಿಯುವವರೂ ಜಗತ್ತಿನ ಒಳ್ಳೆಯ ಚಿತ್ರಗಳನ್ನು ಕಂಡಿದ್ದ ಕಾಲವೊಂದಿತ್ತು. ಅವರ ತಂದೆ ಅಂಥ ಪ್ರೇಕ್ಷಕರಲ್ಲಿ ಒಬ್ಬರು. ನಿರ್ದೇಶಕಿ ಶಿವಮೊಗ್ಗದಲ್ಲಿ ಪದವಿ ಮುಗಿಸಿ, ಮದುವೆ ವಿಡಿಯೊ ಮಾಡುವ ಸ್ಟುಡಿಯೊವೊಂದರಲ್ಲಿ ಎಡಿಟಿಂಗ್ ಕಲಿತು, ಬಳಿಕ ಬೆಂಗಳೂರಿನ ಸುದ್ದಿವಾಹಿನಿಯೊಂದರ ಟೇಪ್ ಲೈಬ್ರರಿಯಲ್ಲಿ ಕೆಲವು ವರ್ಷ ದುಡಿದರು. ಹಿರಿಯ ರಾಜಕಾರಣಿಯೊಬ್ಬರು ತೀರಿಕೊಂಡ ಸುದ್ದಿ ಬಂದರೆ ಅರ್ಧ ಗಂಟೆಯೊಳಗೆ ಅವರ ಹಳೆಯ ದೃಶ್ಯಗಳನ್ನು ಹುಡುಕಿಕೊಡುವುದು ಅಲ್ಲಿನ ಕೆಲಸ. ಟೇಪಿನ ಬೆನ್ನಿನ ಮೇಲಿರುವ ಚೀಟಿಗೂ ಒಳಗಿರುವ ಚಿತ್ರಕ್ಕೂ ಎಷ್ಟೋ ಸಲ ಸಂಬಂಧವೇ ಇರುವುದಿಲ್ಲ ಎಂಬ ಪಾಠವನ್ನು ಅವರು ಕಲಿತದ್ದು ಅಲ್ಲಿಯೇ. ಊರಿಗೆ ಮರಳಿದ ಮೇಲೆ ಅವರ ಜೀವನ ನಡೆಯುತ್ತಿರುವುದು ಸಹಕಾರ ಸಂಘಗಳ ವಾರ್ಷಿಕೋತ್ಸವದ ಚಿತ್ರಗಳು, ಇಲಾಖೆಗಳ ತರಬೇತಿ ವಿಡಿಯೊಗಳು ಮತ್ತು ಪರರ ಚಿತ್ರಗಳ ಎಡಿಟಿಂಗ್‌ನಿಂದ. ಸ್ವಂತ ಚಿತ್ರ ಎಂಬುದು ಈ ಗಳಿಕೆಯಲ್ಲಿ ಉಳಿಸಿಕೊಂಡ ಬಿಡುವಿನಲ್ಲಿ ನಡೆಯುವ ಕೆಲಸ. ಸಾಕ್ಷ್ಯಚಿತ್ರವನ್ನೇ ನಂಬಿ ಮಲೆನಾಡಿನಲ್ಲಿ ಮನೆ ನಡೆಸುತ್ತೇನೆ ಎನ್ನುವವರನ್ನು ನಾನಂತೂ ಕಂಡಿಲ್ಲ.

ವಿಷಯದ ಹಿನ್ನೆಲೆ ಮಲೆನಾಡಿನ ಓದುಗರಿಗೆ ಗೊತ್ತಿರುವಂಥದ್ದೇ. ಜೋಗದ ಕೆಳಗಿನ ಮೊದಲ ವಿದ್ಯುದಾಗಾರಕ್ಕೆ ನೀರೊದಗಿಸಲು 1940ರ ದಶಕದಲ್ಲಿ ಹಿರೇಭಾಸ್ಕರ ಅಣೆಕಟ್ಟನ್ನು ಕಟ್ಟಲಾಯಿತು. 1964ರಲ್ಲಿ ಅದಕ್ಕಿಂತ ಎಷ್ಟೋ ದೊಡ್ಡದಾದ ಲಿಂಗನಮಕ್ಕಿ ಅಣೆಕಟ್ಟು ಮೇಲೆದ್ದು, ಸಮುದ್ರಮಟ್ಟದಿಂದ 1819 ಅಡಿಯವರೆಗೆ ನೀರು ನಿಲ್ಲುವಂತಾದಾಗ ಹಳೆಯ ಅಣೆಕಟ್ಟೇ ಹೊಸ ಅಣೆಕಟ್ಟಿನ ಹಿನ್ನೀರಿನಲ್ಲಿ ಮುಳುಗಿತು. ಒಟ್ಟು 1035 ಮೆಗಾವ್ಯಾಟ್ ಸಾಮರ್ಥ್ಯದ ಹತ್ತು ಘಟಕಗಳಿಗೆ ಬೇಕಾದ ಆ ನೀರಿನ ಅಡಿಯಲ್ಲಿ ಗದ್ದೆ, ತೋಟ, ಕೇರಿ, ದೇವಸ್ಥಾನಗಳೆಲ್ಲ ಸೇರಿಹೋದವು. ಎದ್ದು ಬಂದ ಕುಟುಂಬಗಳನ್ನು ಶಿವಮೊಗ್ಗ ಜಿಲ್ಲೆಯ ಬೇರೆ ಬೇರೆ ಕಡೆ, ಹೆಚ್ಚಾಗಿ ಕಾಡು ಕಡಿದ ಜಾಗಗಳಲ್ಲಿ ಕೂರಿಸಲಾಯಿತು. ಆ ಜಾಗ ದಾಖಲೆಯಲ್ಲಿ ಅರಣ್ಯವಾಗಿಯೇ ಉಳಿದದ್ದರಿಂದ ಅವರ ಮಕ್ಕಳು, ಮೊಮ್ಮಕ್ಕಳು ಈಗಲೂ ಹಕ್ಕುಪತ್ರಕ್ಕಾಗಿ ಕಚೇರಿ ಅಲೆಯುತ್ತಿದ್ದಾರೆ. ಚಿತ್ರದ ಉದ್ದೇಶ ಈ ಎರಡನ್ನೂ, ಅಂದರೆ ಆಗಿನ ಮುಳುಗಡೆಯನ್ನೂ ಈಗಿನ ಅಲೆದಾಟವನ್ನೂ, ಒಟ್ಟಿಗೆ ತೋರಿಸುವುದಾಗಿತ್ತು.

ತೊಡಕು ಇದ್ದದ್ದು ‘ಆಗಿನದು’ ಎಂಬಲ್ಲಿ. 1960ರ ದಶಕದ ಆರಂಭದಲ್ಲಿ ಮಲೆನಾಡಿನ ಹಳ್ಳಿಯೊಂದರಲ್ಲಿ ಸಿನಿಮಾ ಕ್ಯಾಮೆರಾ ಹಿಡಿದು ನಿಂತವರು ಯಾರು? ಒಂದೋ ಸರ್ಕಾರ, ಇಲ್ಲವೇ ಕ್ಯಾಮೆರಾ ಕೊಳ್ಳುವಷ್ಟು ಸಂಬಳವಿದ್ದ ಅಧಿಕಾರಿ. ಆ ಕಾಲದಲ್ಲಿ ಚಿತ್ರಮಂದಿರಗಳಲ್ಲಿ ಮುಖ್ಯ ಸಿನಿಮಾಕ್ಕೆ ಮೊದಲು ಕಡ್ಡಾಯವಾಗಿ ತೋರಿಸಲಾಗುತ್ತಿದ್ದ ಫಿಲ್ಮ್ಸ್ ಡಿವಿಷನ್ ಚಿತ್ರಗಳಿಗೆ ಅಣೆಕಟ್ಟು ಎಂದರೆ ಕ್ರೇನು, ಕಾಂಕ್ರೀಟು, ತೂಬಿನಿಂದ ಧುಮುಕುವ ಬಿಳಿ ನೀರು ಮತ್ತು ದೇಶ ಮುಂದೆ ಸಾಗುತ್ತಿದೆ ಎಂಬ ಗಂಭೀರ ಕಂಠ. ಗುಳೆ ಎದ್ದವರು ಆ ಚೌಕಟ್ಟಿನೊಳಗೆ ಬಂದರೂ ಕ್ಷಣಮಾತ್ರಕ್ಕೆ ಬರುತ್ತಿದ್ದರು. ಹೀಗಾಗಿ ಮುಳುಗಿದವರ ಕಡೆಯಿಂದ ನೋಡಿದ ಒಂದೇ ಒಂದು ಅಡಿ ಫಿಲ್ಮ್ ಕೂಡ ಕೈಗೆ ಸಿಗದೆ, ಮುಳುಗಡೆ ಮಾಡಿದವರ ಕಣ್ಣಿನಿಂದಲೇ ಮುಳುಗಡೆಯ ಚಿತ್ರ ಮಾಡಬೇಕಾದ ಸ್ಥಿತಿ ನಿರ್ದೇಶಕಿಯದಾಗಿತ್ತು.

ಅವರಿಗೆ ಸಿಕ್ಕ ಅತ್ಯಂತ ಬೆಲೆಬಾಳುವ ವಸ್ತುವೂ ಅಂಥದ್ದೇ. ಯೋಜನೆಯಲ್ಲಿ ಕೆಲಸ ಮಾಡಿದ್ದ, ಈಗ ದಿವಂಗತರಾಗಿರುವ ಎಂಜಿನಿಯರ್ ಒಬ್ಬರು ತಮ್ಮ ಸ್ವಂತ 8 ಎಂಎಂ ಕ್ಯಾಮೆರಾದಲ್ಲಿ ತೆಗೆದಿದ್ದ ಕೆಲವು ಸುರುಳಿಗಳು ತೀರ್ಥಹಳ್ಳಿ ಕಡೆಯ ಅವರ ಮೂಲಮನೆಯ ಅಟ್ಟದಲ್ಲಿದ್ದವು. ಡಬ್ಬ ತೆರೆದರೆ ಮೂಗಿಗೆ ರಾಚುವ ಹುಳಿ ವಾಸನೆ. ಅಸಿಟೇಟ್ ಫಿಲ್ಮ್ ಕೊಳೆಯತೊಡಗಿದಾಗ ಹೊರಬರುವ ಅಸಿಟಿಕ್ ಆಮ್ಲದ್ದು. ಮಲೆನಾಡಿನಲ್ಲಿ ಬೆಲೆಬಾಳುವುದನ್ನು ಅಡುಗೆಮನೆಯ ಮೇಲಿನ ಅಟ್ಟದಲ್ಲಿ ಇಡುವುದಕ್ಕೆ ಕಾರಣವಿದೆ, ಒಲೆಯ ಹೊಗೆ ಮತ್ತು ಕಾವಿಗೆ ಮಳೆಗಾಲದ ಥಂಡಿ ತಾಗುವುದಿಲ್ಲ. ಅದರಿಂದಾಗಿಯೇ ಈ ಸುರುಳಿಗಳಿಗೆ ಬೂಷ್ಟು ಹಿಡಿದಿರಲಿಲ್ಲ. ಕೆಳಗೆ ಕಪಾಟಿನಲ್ಲಿದ್ದ ಅದೇ ಮನೆಯ ಫೋಟೊ ನೆಗೆಟಿವ್‌ಗಳನ್ನು ಬೂಷ್ಟು ಪೂರ್ತಿ ತಿಂದಿತ್ತು. ಆದರೆ ಅದೇ ಕಾವು ಅಸಿಟೇಟಿನ ಕೊಳೆಯುವಿಕೆಯನ್ನು ಚುರುಕುಗೊಳಿಸಿತ್ತು. ಫಿಲ್ಮ್ ಕುಗ್ಗಿ, ಅಂಚಿನ ರಂಧ್ರಗಳ ನಡುವಿನ ಅಂತರ ಕಡಿಮೆಯಾಗಿತ್ತು. ಅಂಥದ್ದನ್ನು ಹಳೆಯ ಪ್ರೊಜೆಕ್ಟರ್‌ಗೆ ಹಾಕಿದರೆ ಹಲ್ಲುಗಳು ರಂಧ್ರಗಳನ್ನು ಹರಿದು ಹಾಕುತ್ತವೆ. ಮನೆಯವರು ‘ಒಂದು ಸಲ ಓಡಿಸಿ ನೋಡೋಣ’ ಎಂದಾಗ ಬೇಡವೆಂದು ಹಟ ಹಿಡಿದು, ಹಲ್ಲಿನ ಚಕ್ರಗಳಿಲ್ಲದೆ ರೋಲರ್‌ಗಳ ಮೇಲೆ ಫಿಲ್ಮ್ ಸಾಗಿಸುವ ಸ್ಕ್ಯಾನರ್ ಇರುವ ಹೊರ ರಾಜ್ಯದ ಲ್ಯಾಬ್‌ಗೆ ತಾವೇ ಒಯ್ದದ್ದು ಈ ಪ್ರಕರಣದಲ್ಲಿ ನಿರ್ದೇಶಕಿ ಕೈಗೊಂಡ ಮೊದಲ ದೊಡ್ಡ ತೀರ್ಮಾನ. ಅದರ ಖರ್ಚು ಚಿತ್ರದ ಬಜೆಟ್‌ನಲ್ಲಿ ಇರಲಿಲ್ಲ.

ಈ ಸುರುಳಿಗಳನ್ನು 1990ರ ದಶಕದಲ್ಲಿ ಮನೆಯವರು ಒಮ್ಮೆ ವಿಎಚ್‌ಎಸ್ ಟೇಪಿಗೆ ಇಳಿಸಿಕೊಂಡಿದ್ದರು. ಅದರಲ್ಲಿ ಬುಟ್ಟಿ ಹೊತ್ತ ಹೆಣ್ಣಾಳುಗಳು ನಗೆನಾಟಕದ ಪಾತ್ರಗಳ ಹಾಗೆ ದಡದಡ ಓಡುತ್ತಿದ್ದರು. ಕಾರಣ ಸರಳ: ಮನೆಬಳಕೆಯ 8 ಎಂಎಂ ಕ್ಯಾಮೆರಾಗಳು ಸಾಮಾನ್ಯವಾಗಿ ಸೆಕೆಂಡಿಗೆ 16 ಚೌಕಟ್ಟು ತೆಗೆಯುತ್ತಿದ್ದವು, ವಿಡಿಯೊ ಅದನ್ನು 25ರ ವೇಗದಲ್ಲಿ ಓಡಿಸಿತ್ತು. ಐವತ್ತು ಅಡಿಯ ಸುರುಳಿಯೊಂದರಲ್ಲಿ ಸುಮಾರು 4000 ಚೌಕಟ್ಟುಗಳಿರುತ್ತವೆ. 16ರ ವೇಗದಲ್ಲಿ ಅದು ನಾಲ್ಕು ನಿಮಿಷಕ್ಕೂ ಮಿಕ್ಕಿ ನಡೆಯುತ್ತದೆ, 25ರಲ್ಲಿ ಎರಡು ನಿಮಿಷ ನಲವತ್ತು ಸೆಕೆಂಡಿಗೇ ಮುಗಿಯುತ್ತದೆ. ಸರಿಯಾದ ವೇಗಕ್ಕೆ ತಂದ ಮೇಲೆ ಅದೇ ಹೆಂಗಸರ ನಡಿಗೆಯಲ್ಲಿ ಹೊರೆಯ ಭಾರ ಕಾಣಿಸಿತು. ಹಳೆಯ ಕಾಲದವರೆಂದರೆ ಗಡಿಬಿಡಿಯಿಂದ ನಡೆಯುವ ತಮಾಷೆಯ ಜನ ಎಂಬ ಭಾವನೆಯನ್ನು ನಮ್ಮ ಟಿವಿ ವಾಹಿನಿಗಳು ಇಂಥ ಅಸಡ್ಡೆಯಿಂದಲೇ ಬೆಳೆಸಿವೆ ಎಂದು ನನಗೆ ಅನ್ನಿಸುತ್ತದೆ.

ಯಾವ ಸುರುಳಿ ಯಾವ ವರ್ಷದ್ದು ಎಂದು ತಿಳಿಯುವುದಕ್ಕೆ ಅವರು ಎರಡು ದಾರಿ ಹಿಡಿದರು. ಕೊಡಕ್ ಕಂಪನಿ ತನ್ನ ಫಿಲ್ಮಿನ ಅಂಚಿನಲ್ಲಿ ವೃತ್ತ, ಚೌಕ, ತ್ರಿಕೋನಗಳ ಗುರುತು ಹಾಕುತ್ತಿತ್ತು. ಅದು ತಯಾರಾದ ವರ್ಷದ ಸಂಕೇತ. ಅದೇ ಗುರುತುಗಳು ಇಪ್ಪತ್ತು ವರ್ಷಕ್ಕೊಮ್ಮೆ ಮರುಕಳಿಸುವುದರಿಂದ ಅದೊಂದನ್ನೇ ನಂಬುವಂತಿಲ್ಲ, ತಯಾರಾದ ವರ್ಷದಲ್ಲೇ ಚಿತ್ರ ತೆಗೆದರೆಂದೂ ಹೇಳಲಾಗದು. ಎರಡನೆಯದು, ಚಿತ್ರದೊಳಗಿನ ಅಣೆಕಟ್ಟಿನ ಎತ್ತರ. ಹಿಂದೆ ಯೋಜನೆಯಲ್ಲಿ ಮೇಸ್ತ್ರಿಯಾಗಿದ್ದ ಕಾರ್ಗಲ್ಲಿನ ವೃದ್ಧರೊಬ್ಬರು ಕಟ್ಟಡದ ಯಾವ ಭಾಗ ಯಾವ ಬೇಸಿಗೆಯಲ್ಲಿ ಮೇಲೆದ್ದಿತೆಂದು ಚೌಕಟ್ಟು ನೋಡಿ ಹೇಳಬಲ್ಲವರಾಗಿದ್ದರು. ಈ ಎರಡೂ ಕೂಡಿಬಂದಲ್ಲಿ ಮಾತ್ರ ನಿರ್ದೇಶಕಿ ತಮ್ಮ ಪಟ್ಟಿಯಲ್ಲಿ ವರ್ಷ ಬರೆದರು. ಉಳಿದ ಕಡೆ ಖಾಲಿ ಬಿಟ್ಟರು.

ಹಕ್ಕಿನ ಪ್ರಶ್ನೆ ಇದಕ್ಕಿಂತ ಸಿಕ್ಕಲಾಗಿತ್ತು. 1957ರ ಕೃತಿಸ್ವಾಮ್ಯ ಕಾಯ್ದೆಯ ಪ್ರಕಾರ ಚಲನಚಿತ್ರವೊಂದರ ಕೃತಿಸ್ವಾಮ್ಯ, ಅದು ಪ್ರಕಟವಾದ ವರ್ಷದ ಮರುವರ್ಷದಿಂದ ಎಣಿಸಿ 60 ವರ್ಷ ಇರುತ್ತದೆ. ಹಾಗಾಗಿ 1964ರಲ್ಲಿ ತೆರೆಕಂಡ ಸರ್ಕಾರಿ ಚಿತ್ರ 2025ರ ಜನವರಿ 1ರಿಂದ ಎಲ್ಲರದೂ ಆಗುತ್ತದೆ. ಹಕ್ಕು ಮುಗಿದರೂ ಒಳ್ಳೆಯ ಪ್ರತಿ ಇರುವುದು ಸಂಗ್ರಹಾಗಾರದಲ್ಲೇ ಆದ್ದರಿಂದ ಅದನ್ನು ಪಡೆಯುವ ಶುಲ್ಕ ತಪ್ಪುವುದಿಲ್ಲ ಎಂಬುದು ಬೇರೆ ಮಾತು. ಮನೆಯ ಅಟ್ಟದ ಸುರುಳಿಗೆ ಈ ಲೆಕ್ಕವೇ ಅನ್ವಯಿಸದು. ಅದು ಎಂದೂ ಪ್ರಕಟವಾಗಿಲ್ಲದ ಕಾರಣ ಅರವತ್ತು ವರ್ಷದ ಎಣಿಕೆ ಇನ್ನೂ ಆರಂಭವಾಗಿಯೇ ಇಲ್ಲ. ಎಂಜಿನಿಯರ್ ಕರ್ತವ್ಯದ ಭಾಗವಾಗಿ ಇಲಾಖೆಗಾಗಿ ತೆಗೆದಿದ್ದರೆ ಒಡೆತನದ ಪ್ರಶ್ನೆ ಸರ್ಕಾರದ ಕಡೆ ವಾಲುತ್ತಿತ್ತು. ಕ್ಯಾಮೆರಾ, ಫಿಲ್ಮು ಎರಡೂ ಸ್ವಂತದ್ದು, ತೆಗೆದದ್ದು ಬಿಡುವಿನ ಹವ್ಯಾಸಕ್ಕೆ ಎಂಬುದಕ್ಕೆ ಖರೀದಿಯ ಹಳೆಯ ರಸೀದಿಗಳೇ ಮನೆಯಲ್ಲಿ ಸಿಕ್ಕಿದ್ದು ಉಪಕಾರವಾಯಿತು. ಹಾಗಾದರೆ ಹಕ್ಕು ವಾರಸುದಾರರಿಗೆ. ವಾರಸುದಾರರು ಮೂವರು ಮಕ್ಕಳು, ಊರಲ್ಲಿದ್ದವರು ಒಬ್ಬರೇ.

ಊರಲ್ಲಿದ್ದ ಮಗ ಕೂಡಲೇ ಸಹಿ ಹಾಕಿದರು. ಅಷ್ಟಕ್ಕೇ ತೃಪ್ತರಾಗಿ ಕೆಲಸ ಮುಂದುವರಿಸುವ ನಿರ್ಮಾಪಕರು ಬೇಕಾದಷ್ಟಿದ್ದಾರೆ. ನಿರ್ದೇಶಕಿ ಮೂವರ ಒಪ್ಪಿಗೆಯೂ ಬೇಕೆಂದು ಪಟ್ಟು ಹಿಡಿದಾಗ ಹೊರದೇಶದಲ್ಲಿದ್ದ ಮಗಳಿಂದ ಆಕ್ಷೇಪ ಬಂತು. ತಂದೆ ಪ್ರಾಮಾಣಿಕವಾಗಿ ಕೆಲಸ ಮಾಡಿದವರು, ಅವರು ಪ್ರೀತಿಯಿಂದ ತೆಗೆದ ಚಿತ್ರಗಳನ್ನು ಅವರನ್ನೇ ಊರು ಮುಳುಗಿಸಿದವರೆಂದು ತೋರಿಸುವುದಕ್ಕೆ ಬಳಸುತ್ತೀರಿ ಎಂಬುದು ಆಕೆಯ ಅಳುಕು. ಅದು ಸುಳ್ಳು ಅಳುಕಲ್ಲ. ಚಿತ್ರದ ಮೊದಲ ಕರಡಿನಲ್ಲಿ ಎಂಜಿನಿಯರ್ ಕುಟುಂಬದ ವನಭೋಜನದ ದೃಶ್ಯಕ್ಕೆ ಮುಳುಗಿದ ಮರಗಳ ದೃಶ್ಯವನ್ನು ಅಂಟಿಸಿದ್ದು ಚುಚ್ಚುವುದಕ್ಕಾಗಿಯೇ ಇದ್ದಂತಿತ್ತು. ನಿರ್ದೇಶಕಿ ಎಡಿಟಿಂಗ್ ಮೇಲಿನ ಅಧಿಕಾರವನ್ನು ಬಿಟ್ಟುಕೊಡಲಿಲ್ಲ, ಆದರೆ ಅವರ ತಂದೆಯ ಸುರುಳಿಗಳನ್ನು ಬಳಸುವ ಭಾಗಗಳನ್ನು ಮುಗಿಸುವ ಮೊದಲು ತೋರಿಸುವುದಾಗಿಯೂ, ಪೂರ್ತಿ ಸ್ಕ್ಯಾನ್‌ನ ಪ್ರತಿಯನ್ನು ಮೂವರಿಗೂ ಕೊಡುವುದಾಗಿಯೂ ಬರೆದುಕೊಟ್ಟರು. ವನಭೋಜನದ ದೃಶ್ಯ ಚಿತ್ರದಲ್ಲಿ ಉಳಿಯಿತು, ಆ ಚುಚ್ಚುವ ಜೋಡಣೆ ಹೋಯಿತು. ನನ್ನ ಅಭಿಪ್ರಾಯದಲ್ಲಿ ಚಿತ್ರ ಅದರಿಂದ ಸುಧಾರಿಸಿತು.

ಈಗ ಆರಂಭದ ದೃಶ್ಯಕ್ಕೆ ಬರೋಣ. ಹಣ ಹಾಕಿದ ಸಂಸ್ಥೆಯವರಿಗೆ ಮೊದಲ ನಿಮಿಷದಲ್ಲೇ ಎದೆಗೆ ತಾಗುವ ಏನಾದರೂ ಬೇಕಿತ್ತು. ಹಳೆಯ ದೃಶ್ಯಗಳನ್ನು ಮಾರುವ ಸಂಸ್ಥೆಯೊಂದರಿಂದ ಅವರೇ ಒಂದು ಕಪ್ಪುಬಿಳುಪು ತುಣುಕನ್ನು ಕೊಂಡು ಕಳಿಸಿದರು: ತುಂಬಿ ಹರಿಯುವ ಹೊಳೆ, ದೋಣಿಗೆ ಸಾಮಾನು ಹೇರುವ ಜನ, ನೀರಿಗಿಳಿಯಲೊಲ್ಲದೆ ಹಗ್ಗ ಜಗ್ಗುವ ಎತ್ತುಗಳು. ಮಾರಾಟದ ಪಟ್ಟಿಯಲ್ಲಿ ಅದರ ಹೆಸರು ಶರಾವತಿ ಸ್ಥಳಾಂತರ ಎಂದಿತ್ತು. ಟೇಪ್ ಲೈಬ್ರರಿಯ ಪಾಠ ಕಲಿತಿದ್ದ ನಿರ್ದೇಶಕಿ ಮೂಲ ಯಾವುದೆಂದು ಕೇಳಿ ಪತ್ರ ಬರೆದರು, ಉತ್ತರ ಬರಲಿಲ್ಲ. ಗಡುವು ಹತ್ತಿರವಿತ್ತು. ಸದ್ಯಕ್ಕೆ ಇರಲಿ ಎಂದು ತುಣುಕನ್ನು ಎಡಿಟ್‌ನಲ್ಲಿ ಸೇರಿಸಿದರು. ಈ ಕಸುಬಿನಲ್ಲಿ ‘ಸದ್ಯಕ್ಕೆ’ ಸೇರಿದ್ದಕ್ಕೆ ಸಂಗೀತ ಕೂಡಿಕೊಳ್ಳುತ್ತದೆ, ನಿರೂಪಣೆಯ ಮಾತು ಕೂಡಿಕೊಳ್ಳುತ್ತದೆ, ಆಮೇಲೆ ಅದನ್ನು ಕಿತ್ತರೆ ಐದು ನಿಮಿಷದ ಚಿತ್ರ ಕುಸಿಯುತ್ತದೆ.

ಮುಗಿಸುವ ಮೊದಲು ಮುಳುಗಡೆಯವರು ನೆಲೆಸಿರುವ ಊರೊಂದರ ಶಾಲೆಯ ಜಗಲಿಯಲ್ಲಿ ಚಿತ್ರವನ್ನು ತೋರಿಸಲಾಯಿತು. ದೃಶ್ಯ ಮುಗಿಯುವಷ್ಟರಲ್ಲಿ ಎಂಬತ್ತು ದಾಟಿದ ಅಜ್ಜಿಯೊಬ್ಬರು, ‘ಇದು ನಮ್ಮ ಕಡೆದಲ್ಲ ಮಗಾ. ಅಷ್ಟೆತ್ತರದ ಎತ್ತು ನಮ್ಮಲ್ಲಿ ಎಲ್ಲಿದ್ವು?’ ಎಂದರು. ನಿರ್ದೇಶಕಿ ‘ಸರಿಯಾಗಿ ನೋಡಿ ಅಜ್ಜಿ’ ಎಂದು ಮತ್ತೆ ಓಡಿಸಿದಾಗ ಅಲ್ಲಿದ್ದ ಇತರ ಹಿರಿಯರೂ ಅದನ್ನೇ ಹೇಳಿದರು. ಶರಾವತಿ ಕಣಿವೆಯ ದನವೆಂದರೆ ಮಲೆನಾಡು ಗಿಡ್ಡ; ಮಳೆ, ಏರು, ಕಾಡು ದಾರಿಗೆ ಹೊಂದಿಕೊಂಡ ಕುಳ್ಳ ತಳಿ. ದೃಶ್ಯದಲ್ಲಿದ್ದವು ಬಯಲುಸೀಮೆಯ ಉದ್ದ ಕೊಂಬಿನ, ನೀಳ ಕಾಲಿನ ಎತ್ತುಗಳು. ಒಮ್ಮೆ ಹೇಳಿದ ಮೇಲೆ ಬೇರೆ ಸಾಕ್ಷಿಗಳೂ ಕಣ್ಣಿಗೆ ಬಿದ್ದವು: ದಡದಲ್ಲಿ ಒಂದೇ ಒಂದು ಅಡಿಕೆ ಮರವಿಲ್ಲ, ಹಿಂದೆ ಗುಡ್ಡವಿಲ್ಲ. ಬಹುಶಃ ಎಲ್ಲಿಯದೋ ನೆರೆಹಾವಳಿಯ ಸುದ್ದಿಚಿತ್ರದ ತುಣುಕು. ಮುಳುಗಡೆಗೂ ಅದಕ್ಕೂ ಸಂಬಂಧವಿರಲಿಲ್ಲ.

ವಿಷಯ ತಿಳಿಸಿದಾಗ ಹಣ ಹಾಕಿದ ಸಂಸ್ಥೆಯವರ ಉತ್ತರ ಹೀಗಿತ್ತು: ದೆಹಲಿಯ, ಮುಂಬೈಯ ಪ್ರೇಕ್ಷಕರಿಗೆ ಎತ್ತಿನ ತಳಿ ತಿಳಿಯದು, ನೋವು ಎಲ್ಲ ಕಡೆಯೂ ಒಂದೇ, ಬೇಕಿದ್ದರೆ ‘ಸಾಂಕೇತಿಕ ದೃಶ್ಯ’ ಎಂದು ಮೂಲೆಯಲ್ಲಿ ಹಾಕಿ. ಇದನ್ನು ಬೇಜವಾಬ್ದಾರಿಯ ಮಾತೆಂದು ತಳ್ಳಿಹಾಕುವಂತಿಲ್ಲ. ಜಗತ್ತಿನ ಎಷ್ಟೋ ಮೆಚ್ಚುಗೆ ಪಡೆದ ಸಾಕ್ಷ್ಯಚಿತ್ರಗಳು ಒಂದೂರಿನ ಯುದ್ಧದ ಹೊಗೆಯನ್ನು ಇನ್ನೊಂದೂರಿನ ಕಥೆಗೆ ಬಳಸಿಕೊಂಡಿವೆ. ಆದರೆ ಈ ಚಿತ್ರದ ಮುಕ್ಕಾಲು ಪಾಲು ವಾದ ನಿಂತಿರುವುದು ಕಂದಾಯ ದಾಖಲೆಗಳ ತಪ್ಪುಗಳ ಮೇಲೆ. ಯಾರದೋ ಭೂಮಿಯನ್ನು ಇನ್ನಾರದೋ ಹೆಸರಿಗೆ ಬರೆದರು ಎಂದು ದೂರುವ ಚಿತ್ರವೇ ಯಾರದೋ ಸಂಕಟವನ್ನು ಇವರ ಹೆಸರಿಗೆ ಬರೆದರೆ, ನಾಳೆ ಆ ಊರಿನವರು ಕಚೇರಿಯಲ್ಲಿ ಈ ಚಿತ್ರವನ್ನು ಮುಂದಿಟ್ಟಾಗ ಎದುರಿನ ವಕೀಲರು ಮೊದಲು ಎತ್ತುವ ಪ್ರಶ್ನೆ ಅದೇ ಆಗಿರುತ್ತದೆ. ಜತೆಗೆ, ಚಿತ್ರದಲ್ಲಿ ಬಳಸಿದ ಎಲ್ಲ ದೃಶ್ಯಗಳ ಮೂಲಕ್ಕೆ ನಿರ್ದೇಶಕಿಯೇ ಹೊಣೆ ಎಂದು ಒಪ್ಪಂದದಲ್ಲಿತ್ತು. ತುಣುಕನ್ನು ಕೊಂಡವರು ಅವರಲ್ಲ, ಹೊಣೆ ಮಾತ್ರ ಅವರದು. ಹೊಸಬರು ಸಹಿ ಹಾಕುವ ಮೊದಲು ಓದದೆ ಬಿಡುವ ಷರತ್ತು ಇದು.

ನಿರ್ದೇಶಕಿ ದೃಶ್ಯವನ್ನು ತೆಗೆದರು. ಅದರ ಜಾಗದಲ್ಲಿ ಭೂಸ್ವಾಧೀನಕ್ಕೆ ಸಂಬಂಧಿಸಿದ ಅಂದಿನ ಮೈಸೂರು ರಾಜ್ಯಪತ್ರದ ಪುಟಗಳನ್ನು ತೋರಿಸುವುದೆಂದು ನಿಶ್ಚಯಿಸಿದರು: ಗ್ರಾಮ, ಸರ್ವೆ ನಂಬರು, ಎಕರೆ, ಗುಂಟೆ, ಖಾತೆದಾರರ ಹೆಸರು. ನೋಡಲು ಶುಷ್ಕ, ಆದರೆ ಒಂದಕ್ಷರವೂ ಬೇರೆ ಊರಿನದಲ್ಲ. ಇದನ್ನೂ ಅದೇ ಜಗಲಿಗೆ ಒಯ್ದು ತೋರಿಸಿದಾಗ ಅವರು ಎಣಿಸದ ಮಾತು ಬಂತು. ‘ಇದರಲ್ಲಿ ಒಡೆಯರ ಹೆಸರು ಉಂಟು, ನಮ್ಮಪ್ಪನ ಹೆಸರು ಎಲ್ಲಿ?’ ಎಂದು ಒಬ್ಬರು ಕೇಳಿದರು. ಕೇಳಿದವರ ತಂದೆ ಗೇಣಿದಾರರು. ಗೇಣಿ ಪದ್ಧತಿಯ ವಿರುದ್ಧ 1951ರಲ್ಲಿ ಕಾಗೋಡು ಸತ್ಯಾಗ್ರಹ ನಡೆದದ್ದು ಇದೇ ಸಾಗರ ತಾಲ್ಲೂಕಿನಲ್ಲಿ, ರಾಮಮನೋಹರ ಲೋಹಿಯಾ ಬಂದು ಬಂಧನಕ್ಕೊಳಗಾದದ್ದೂ ಆ ಹೋರಾಟದಲ್ಲೇ. ಆದರೆ ಉಳುವವನಿಗೆ ಒಡೆತನ ಕೊಟ್ಟ ಭೂಸುಧಾರಣೆ ಜಾರಿಗೆ ಬಂದದ್ದು 1974ರಲ್ಲಿ, ಅಣೆಕಟ್ಟು ಮುಗಿದು ಹತ್ತು ವರ್ಷದ ನಂತರ. ಭೂಮಿ ಮುಳುಗಿದಾಗ ಕಾಗದದ ಮೇಲೆ ಅದು ಇನ್ನೂ ಒಡೆಯರದೇ ಆಗಿತ್ತು, ಉತ್ತು ತಿನ್ನುತ್ತಿದ್ದ ಅನೇಕರ ಹೆಸರು ಪರಿಹಾರದ ಲೆಕ್ಕಕ್ಕೇ ಸೇರಲಿಲ್ಲ. ಎತ್ತಿನ ದೃಶ್ಯ ಸುಳ್ಳು ಹೇಳುತ್ತಿತ್ತು, ಸರಿ. ಈ ನಿಜವಾದ ದಾಖಲೆ ಅರ್ಧ ಹೇಳಿ ಸುಮ್ಮನಾಗುತ್ತಿತ್ತು.

ಇಲ್ಲಿ ಅವರು ಮಾಡಿದ್ದು ನನಗೆ ಇಡೀ ಪ್ರಕರಣದಲ್ಲಿ ಹೆಚ್ಚು ಮುಖ್ಯವೆನಿಸುತ್ತದೆ. ರಾಜ್ಯಪತ್ರದ ಪುಟವನ್ನು ಹಾಗೆಯೇ ತೆರೆಯ ಮೇಲೆ ನಿಲ್ಲಿಸಿ, ಹಿನ್ನೆಲೆಯಲ್ಲಿ ಜಗಲಿಯಲ್ಲಿ ಕೂತವರು ಆ ಸರ್ವೆ ನಂಬರುಗಳಲ್ಲಿ ಗೇಣಿ ಮಾಡುತ್ತಿದ್ದವರು ಯಾರೆಂದು ಒಬ್ಬರನ್ನೊಬ್ಬರು ತಿದ್ದಿಕೊಳ್ಳುತ್ತ, ಕೆಲವೊಮ್ಮೆ ಜಗಳವಾಡುತ್ತ ಹೇಳುವ ಧ್ವನಿಯನ್ನು ಹೊಂದಿಸಿದರು. ಅಜ್ಜಿ ಎತ್ತಿನ ಬಗ್ಗೆ ಆಡಿದ ಮಾತನ್ನೂ ಚಿತ್ರದಲ್ಲಿ ಉಳಿಸಿಕೊಂಡರು. ತೆಗೆದುಹಾಕಿದ ದೃಶ್ಯದ ನಾಲ್ಕು ಸೆಕೆಂಡು ಅಲ್ಲಿ ಮಾತ್ರ, ‘ಶರಾವತಿಯದೆಂದು ಮಾರಲಾದ ದೃಶ್ಯ’ ಎಂಬ ಅಡಿಬರಹದೊಂದಿಗೆ ಬರುತ್ತದೆ. ಸಂಸ್ಥೆಯವರು ಇದಕ್ಕೆ ಅರೆಮನಸ್ಸಿನಿಂದ ಒಪ್ಪಿದರು. ಗಡುವು ತಪ್ಪಿದ್ದಕ್ಕೆ ಕೊನೆಯ ಕಂತಿನಲ್ಲಿ ಒಂದು ಪಾಲು ಕಡಿತವಾಯಿತು, ಅವರಿಂದ ಮುಂದಿನ ಚಿತ್ರಕ್ಕೆ ಕರೆ ಬರಲಿಲ್ಲ.

ಕೆಲಸ ಬಂದದ್ದು ಬೇರೆ ಕಡೆಯಿಂದ. ಈ ಚಿತ್ರಕ್ಕಾಗಿ ಅವರು ಮಾಡಿಟ್ಟಿದ್ದ ಪಟ್ಟಿ, ಅಂದರೆ ಪ್ರತಿ ತುಣುಕಿನ ಮೂಲ, ಹಕ್ಕುದಾರರು, ತೆಗೆದ ವೇಗ, ಗುರುತಿಸಿದವರು, ಗುರುತು ಖಚಿತವೋ ಊಹೆಯೋ ಎಂಬ ಕಾಲಂಗಳಿದ್ದ ಸಾದಾ ಹಾಳೆ, ಇತರ ನಿರ್ದೇಶಕರ ಕೈಗೆ ಹೋಯಿತು. ಈಗ ಅವರ ಆದಾಯದ ಗಣನೀಯ ಭಾಗ ಪರರ ಚಿತ್ರಗಳಿಗೆ ಹಳೆಯ ದೃಶ್ಯ ಹುಡುಕಿ, ಪರಿಶೀಲಿಸಿ ಕೊಡುವುದರಿಂದ ಬರುತ್ತದೆ. ಇನ್ನೊಂದು ಮೂಲವೂ ತೆರೆದುಕೊಂಡಿದೆ. ಮುಳುಗಡೆಯಿಂದ ದ್ವೀಪದಂತಾಗಿದ್ದ ಊರುಗಳಿಗೆ, ಸಿಗಂದೂರಿಗೆ ದಶಕಗಳ ಕಾಲ ದಾರಿಯಾಗಿದ್ದ ಹೊಳೆಬಾಗಿಲಿನ ಲಾಂಚನ್ನು ಅವರು ಈ ಚಿತ್ರಕ್ಕಾಗಿ ಗಂಟೆಗಟ್ಟಲೆ ಚಿತ್ರೀಕರಿಸಿದ್ದರು. 2025ರ ಜುಲೈ 14ರಂದು ಅಂಬಾರಗೋಡ್ಲು ಮತ್ತು ಕಳಸವಳ್ಳಿ ನಡುವೆ ಸೇತುವೆ ಉದ್ಘಾಟನೆಯಾದ ಮೇಲೆ ಆ ದಾರಿಯ ಬದುಕು ಹಳೆಯ ಕಾಲದ್ದಾಯಿತು, ಆ ದೃಶ್ಯಗಳನ್ನು ಕೇಳುವವರು ಹೆಚ್ಚಿದರು. ಅವರು ಕೊಡುವಾಗ ದಿನಾಂಕ, ಜಾಗ, ಮುಖ ಕಾಣುವವರ ಒಪ್ಪಿಗೆಯ ವಿವರವಿರುವ ಹಾಳೆಯನ್ನೂ ಜತೆಗಿಟ್ಟು, ತುಣುಕನ್ನು ಬೇರೆ ಹೊಳೆಯ, ಬೇರೆ ಊರಿನ ಕಥೆಗೆ ಬಳಸಕೂಡದೆಂಬ ಷರತ್ತು ಬರೆಸಿಕೊಳ್ಳುತ್ತಾರೆ. ಆ ಷರತ್ತು ನೋಡಿ ಹಿಂದೆ ಸರಿದ ಗಿರಾಕಿಗಳೂ ಇದ್ದಾರೆ.

ಎಂಜಿನಿಯರ್ ಸುರುಳಿಗಳ ವಿಚಾರ ಮಾತ್ರ ಇತ್ಯರ್ಥವಾಗಿಲ್ಲ. 1964ರಲ್ಲಿ ಸ್ಥಾಪನೆಯಾದ ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಗಾರದಂಥ ಕಡೆ, ತಂಪಾದ ಒಣ ಕೋಣೆಯಲ್ಲಿಟ್ಟರೆ ಕೊಳೆಯುವಿಕೆ ನಿಧಾನವಾಗುತ್ತದೆ ಎಂಬುದು ನಿರ್ದೇಶಕಿಯ ವಾದ. ಊರಲ್ಲಿರುವ ಮಗನಿಗೆ ಅಪ್ಪನ ವಸ್ತು ಮನೆಯಲ್ಲೇ ಇರಬೇಕು. ಸದ್ಯಕ್ಕೆ ಅವು ಅಟ್ಟದಿಂದ ಕೆಳಗಿಳಿದಿವೆ. ನಿರ್ದೇಶಕಿಯ ಶಿವಮೊಗ್ಗದ ಎಡಿಟಿಂಗ್ ಕೋಣೆಯಲ್ಲಿ, ಗಾಳಿಯಾಡುವ ರಟ್ಟಿನ ಪೆಟ್ಟಿಗೆಗಳಲ್ಲಿ, ಉಳಿದ ಸುರುಳಿಗಳಿಗೆ ಹುಳಿ ತಾಗದಂತೆ ಪ್ರತ್ಯೇಕವಾಗಿವೆ. ವಿದೇಶದಲ್ಲಿರುವ ಮಗಳು ಪುಣೆಗೆ ಕೊಡಲು ಒಪ್ಪಿದ್ದಾರೆ, ಮೂರನೆಯವರ ಉತ್ತರ ಬರಬೇಕಿದೆ.